ಹಿಂಬದಿ ಮೆಟ್ಟಿಲಿನ ಹೆಣ್ಣುಮಗಳು: ಓದುಗರ ಪ್ರಶ್ನೆಗಳಿಗೆ ಉತ್ತರ

ಕಳೆದ ಸಂಚಿಕೆಯಲ್ಲಿ ‘ಹಿಂಟರ್‌ಟ್ರೆಪ್ಪೆ’, ಅಂದರೆ ‘ಹಿಂಬದಿ ಮೆಟ್ಟಿಲು’ ಎಂಬ 1921ರ ಜರ್ಮನ್ ಮೂಕಿ ಚಿತ್ರದ ಬಗ್ಗೆ ಟಿಪ್ಪಣಿ ಬರೆದಿದ್ದೆ. ಬಂದ ಪತ್ರಗಳಲ್ಲಿ ಹೆಚ್ಚಿನವು ಸಿನಿಮಾದಿಂದ ಶುರುವಾಗಿ ಮನೆಗೆಲಸದವರ ಕಡೆಗೆ ತಿರುಗಿವೆ. ಆ ಚಿತ್ರ ಬಯಸಿದ್ದೂ ಅದನ್ನೇ ಎಂದು ನಾನು ನಂಬಿದ್ದೇನೆ. ಈ ಸಲದ ಪುಟಗಳನ್ನು ಪೂರ್ತಿಯಾಗಿ ಆ ಪತ್ರಗಳಿಗೇ ಬಿಟ್ಟಿದ್ದೇನೆ.

ಪ್ರಶ್ನೆ: ಕದ್ದ ಕಾಗದಗಳು, ಕೊಡಲಿಯ ಕೊಲೆ, ಮಾಳಿಗೆಯಿಂದ ಹಾರಿ ಸಾಯುವ ನಾಯಕಿ. ಕತೆ ಕೇಳಿದರೆ ಕಂಪನಿ ನಾಟಕದ ಹಾಗಿದೆ. ಇದನ್ನು ನೀವು ಮೇಲು-ಕೆಳಗಿನ ಭೇದದ ಚಿತ್ರ ಎಂದು ಏಕೆ ಕರೆದಿರಿ?
– ಪದವಿ ವಿದ್ಯಾರ್ಥಿನಿ, ಧಾರವಾಡ

ಉತ್ತರ: ಚಿತ್ರ ನೋಡದವರಿಗಾಗಿ ಮೊದಲು ಕತೆ ಹೇಳಿಬಿಡುತ್ತೇನೆ. ಉಳ್ಳವರ ಒಂದು ಮನೆ. ಅಲ್ಲೇ ಉಂಡು, ಅಲ್ಲೇ ಮಲಗಿ, ಅಲ್ಲೇ ದುಡಿಯುವ ಹೆಣ್ಣುಮಗಳು. ರಾತ್ರಿ ಕೆಲಸ ಮುಗಿದ ಮೇಲೆ ಅಂಗಳದಲ್ಲಿ ಅವಳ ಪ್ರಿಯಕರ ಕಾಯುತ್ತಾನೆ. ಇದ್ದಕ್ಕಿದ್ದಂತೆ ಅವನು ಬರುವುದು ನಿಂತುಹೋಗುತ್ತದೆ. ಕಾಗದವೂ ಇಲ್ಲ. ಅದೇ ಅಂಗಳದ ನೆಲಮಾಳಿಗೆಯಲ್ಲಿ ಒಬ್ಬ ಅಂಚೆಯವನಿದ್ದಾನೆ. ಮೈ ಊನವಾದವನು, ಒಂಟಿ, ಅವಳ ಮೇಲೆ ಮನಸ್ಸಿಟ್ಟವನು. ಅವಳಿಗೆ ಬಂದ ಕಾಗದಗಳನ್ನು ತಡೆಹಿಡಿದವನು ಅವನೇ. ಅವಳ ಸಂಕಟ ನೋಡಲಾರದೆ ಪ್ರಿಯಕರನ ಹೆಸರಿನಲ್ಲಿ ತಾನೇ ಒಂದು ಕಾಗದ ಬರೆದು ಕೊಡುತ್ತಾನೆ. ಗುಟ್ಟು ಬಯಲಾಗುತ್ತದೆ. ಆದರೂ ಅವನ ಒಂಟಿತನಕ್ಕೆ ಮರುಗಿ ಅವಳು ಹತ್ತಿರವಾಗುತ್ತಾಳೆ. ಅಷ್ಟರಲ್ಲಿ ಪ್ರಿಯಕರ ಹಿಂತಿರುಗುತ್ತಾನೆ. ಗಂಡಸರಿಬ್ಬರೂ ಕೈಕೈ ಮಿಲಾಯಿಸುತ್ತಾರೆ. ಅಂಚೆಯವನು ಕೊಡಲಿಯಿಂದ ಅವನನ್ನು ಕೊಲ್ಲುತ್ತಾನೆ. ವಠಾರದವರೆಲ್ಲ ಬಂದು ನೋಡುತ್ತಾರೆ. ಮನೆಯವರು ಅವಳನ್ನು ಕೆಲಸದಿಂದ ಹೊರಹಾಕುತ್ತಾರೆ. ಅವಳು ಮಾಳಿಗೆ ಹತ್ತಿ ಕೆಳಕ್ಕೆ ಹಾರುತ್ತಾಳೆ.

ನೀವು ಹೇಳಿದಂತೆ ಕಂಪನಿ ನಾಟಕದವರು ಇದನ್ನು ಚೆನ್ನಾಗಿಯೇ ಆಡಿಯಾರು. ಆದರೆ ಚಿತ್ರ ನೋಡುವಾಗ ಕ್ಯಾಮೆರಾ ಎಲ್ಲಿ ನಿಂತಿದೆ ಎಂಬುದನ್ನು ಗಮನಿಸಿ. ಅಡುಗೆಮನೆ, ಹಿಂಬದಿ ಮೆಟ್ಟಿಲು, ಅಂಗಳ, ನೆಲಮಾಳಿಗೆ. ಚಿತ್ರದ ಲೋಕ ಇಷ್ಟೇ. ದೊಡ್ಡ ಮನೆಯ ಸಿನಿಮಾಗಳಲ್ಲಿ ಆಳು ಒಳಗೆ ಬಂದು, ತಟ್ಟೆ ಇಟ್ಟು, ಹೊರಗೆ ಹೋಗುತ್ತಾನೆ. ಅವನ ಮುಖವನ್ನು ನಾವು ನೆನಪಿಟ್ಟುಕೊಳ್ಳುವುದಿಲ್ಲ. ಇಲ್ಲಿ ಆ ಸ್ಥಾನ ಒಡೆಯರದು. ಅವರು ಅಂಚಿನಲ್ಲಿ ಕಂಡು ಮರೆಯಾಗುತ್ತಾರೆ. ಚಿತ್ರ ತೆರೆದುಕೊಳ್ಳುವುದು ಅವಳ ಅಲಾರಂ ಗಡಿಯಾರದಿಂದ. ಏಳುವುದು, ಉಡುವುದು, ಕೆಲಸಕ್ಕೆ ಕೈಹಚ್ಚುವುದು, ಎಲ್ಲವನ್ನೂ ನಿಧಾನವಾಗಿ ತೋರಿಸುತ್ತಾರೆ. ಪ್ರೇಮವೋ ದುಃಖವೋ ಏನೇ ಬಂದರೂ ಕೆಲಸದ ನಡುವಿನ ಬಿಡುವಿನಲ್ಲೇ ಬರಬೇಕು. ಯಾರಿಗೂ ಹೆಸರಿಲ್ಲ. ಅಕ್ಷರ ಫಲಕಗಳೂ ಇಲ್ಲವೆನ್ನುವಷ್ಟು ಕಡಿಮೆ.

ಕತೆ ಬರೆದವನು ಕಾರ್ಲ್ ಮೇಯರ್, ‘ಕ್ಯಾಲಿಗರಿ’ ಎಂಬ ಮೂಕಿ ಚಿತ್ರದ ಚಿತ್ರಕತೆಯ ಇಬ್ಬರು ಲೇಖಕರಲ್ಲಿ ಒಬ್ಬ. 1894ರಲ್ಲಿ ಆಸ್ಟ್ರಿಯಾದ ಗ್ರಾಟ್ಸ್‌ನಲ್ಲಿ ಹುಟ್ಟಿದ. ಅಪ್ಪ ಜೂಜಿನಲ್ಲಿ ಎಲ್ಲ ಕಳೆದು ಜೀವ ಕಳೆದುಕೊಂಡ ಮೇಲೆ, ಹದಿಹರೆಯದಲ್ಲೇ ತಮ್ಮಂದಿರನ್ನು ಸಾಕುವ ಹೊಣೆ ಹೊತ್ತು, ಬ್ಯಾರೋಮೀಟರ್ ಮಾರಿ, ಹಳ್ಳಿ ನಾಟಕಗಳಲ್ಲಿ ಸಣ್ಣಪುಟ್ಟ ವೇಷ ಹಾಕಿ ಬದುಕಿದವನು. ಬಡತನವನ್ನು ದೂರದಿಂದ ನೋಡಿ ಬರೆದವನಲ್ಲ. 1944ರಲ್ಲಿ ಲಂಡನ್ನಿನಲ್ಲಿ ಸತ್ತಾಗಲೂ ಬಡವನಾಗಿಯೇ ಇದ್ದ.

ಇನ್ನೊಂದು ಸಂಗತಿ. ಮನೆಗೆಲಸದವಳ ಪಾತ್ರ ಮಾಡಿದ ಹೆನ್ನಿ ಪೋರ್ಟೆನ್ ಆಗ ಜರ್ಮನಿಯ ಅತಿ ದೊಡ್ಡ ತಾರೆ. ಒಂದು ವರ್ಷದ ಹಿಂದಷ್ಟೇ, 1920ರಲ್ಲಿ, ಲೂಬಿಷ್‌ನ ‘ಆನ್ನಾ ಬೋಲೆಯ್ನ್’ ಚಿತ್ರದಲ್ಲಿ ಇಂಗ್ಲೆಂಡಿನ ರಾಣಿಯಾಗಿ ಕಾಣಿಸಿಕೊಂಡಿದ್ದಳು. ಅದೇ ಚಿತ್ರದಲ್ಲಿ ಎಂಟನೆಯ ಹೆನ್ರಿಯಾಗಿದ್ದ ಎಮಿಲ್ ಯಾನಿಂಗ್ಸ್ 1924ರ ‘ದಿ ಲಾಸ್ಟ್ ಲಾಫ್’ನಲ್ಲಿ ಹೋಟೆಲಿನ ಬಾಗಿಲು ಕಾಯುವವನಾದ. ರಾಣಿಯೂ ರಾಜನೂ ನಾಲ್ಕೇ ವರ್ಷಗಳಲ್ಲಿ ಆಳಿನ ಉಡುಪಿಗೆ ಬಂದರು. 1918ರಲ್ಲಿ ಕೈಸರ್‌ನನ್ನೇ ಗದ್ದುಗೆಯಿಂದ ಇಳಿಸಿದ ದೇಶದಲ್ಲಿ ಸಿನಿಮಾದ ಕಣ್ಣೂ ಕೆಳಮುಖವಾಗಿ ಹೊರಳಿತು.

ಪ್ರಶ್ನೆ: ನಾನು ಕಟ್ಟಡಗಳ ವಿನ್ಯಾಸ ಮಾಡುತ್ತಿದ್ದವನು. ಚಿತ್ರದಲ್ಲಿ ಮನೆಗೆ ಎರಡೆರಡು ಮೆಟ್ಟಿಲು ಇರುವಂತೆ ಕಾಣುತ್ತದೆ. ಇದು ಸ್ಟುಡಿಯೋದವರ ಕಲ್ಪನೆಯೋ, ನಿಜವಾಗಿ ಹಾಗೆ ಕಟ್ಟುತ್ತಿದ್ದರೋ? ನಮ್ಮ ಬೆಂಗಳೂರಿನ ಅಪಾರ್ಟ್‌ಮೆಂಟುಗಳ ಸರ್ವಿಸ್ ಲಿಫ್ಟ್ ನೆನಪಾಯಿತು.
– ನಿವೃತ್ತ ಎಂಜಿನಿಯರ್, ಮೈಸೂರು

ಉತ್ತರ: ಸ್ಟುಡಿಯೋದಲ್ಲಿ ಕಟ್ಟಿದ್ದು ನಿಜ, ಆದರೆ ಊರಿನಲ್ಲಿ ಇದ್ದದ್ದನ್ನೇ ಕಟ್ಟಿದರು.

ಬರ್ಲಿನ್ ಹತ್ತೊಂಬತ್ತನೆಯ ಶತಮಾನದ ಎರಡನೆಯ ಅರ್ಧದಲ್ಲಿ ವಿಪರೀತ ವೇಗದಿಂದ ಬೆಳೆಯಿತು. 1862ರ ಹೋಬ್ರೆಕ್ಟ್ ಯೋಜನೆ ಅಗಲವಾದ ರಸ್ತೆಗಳನ್ನೂ ಅವುಗಳ ನಡುವೆ ಬಹಳ ಆಳದ ನಿವೇಶನಗಳನ್ನೂ ಗುರುತಿಸಿತು. ಆಳದ ನಿವೇಶನ ಸಿಕ್ಕಿದ ಮಾಲೀಕರು ರಸ್ತೆಗೆ ಮುಖಮಾಡಿ ಒಂದು ಅಂದದ ಕಟ್ಟಡ ಎಬ್ಬಿಸಿ, ಅದರ ಹಿಂದೆ ಅಂಗಳ, ಅಂಗಳದ ಹಿಂದೆ ಮತ್ತೊಂದು ಕಟ್ಟಡ, ಮತ್ತೆ ಅಂಗಳ, ಹೀಗೆ ಜೋಡಿಸುತ್ತ ಹೋದರು. ಅಂಗಳದ ಕನಿಷ್ಠ ಅಳತೆ 5.34 ಮೀಟರ್ ಉದ್ದ, ಅಷ್ಟೇ ಅಗಲ. ಜನರ ಗಾಳಿ-ಬೆಳಕಿನ ಲೆಕ್ಕದಿಂದ ಬಂದ ಅಳತೆಯಲ್ಲ ಅದು. ಬೆಂಕಿ ಆರಿಸುವ ಬಂಡಿ ತಿರುಗಲು ಬೇಕಾದ ಜಾಗ. ವೆಡ್ಡಿಂಗ್ ಬಡಾವಣೆಯ ಮೇಯರ್ಸ್ ಹೋಫ್ ಎಂಬ ವಠಾರದಲ್ಲಿ ಒಂದರ ಹಿಂದೊಂದು ಆರು ಅಂಗಳಗಳಿದ್ದು, ಸುಮಾರು ಎರಡು ಸಾವಿರ ಜನ ವಾಸವಿದ್ದರು.

ನಮ್ಮ ಚಿತ್ರದ ಹೆಣ್ಣುಮಗಳು ದುಡಿಯುವಂಥ ಉಳ್ಳವರ ಮನೆಗಳು ಮುಂಭಾಗದ ಕಟ್ಟಡಗಳಲ್ಲಿರುತ್ತಿದ್ದವು. ಅಂಥ ಮನೆಗೆ ಎರಡು ದಾರಿ. ಮುಂದಿನ ಮೆಟ್ಟಿಲಿಗೆ ರತ್ನಗಂಬಳಿ, ಕೆತ್ತನೆಯ ಕಟಕಟೆ. ಇದು ದೊಡ್ಡವರಿಗೆ ಮಾತ್ರ ಎಂದು ಸಾರುವ ಫಲಕವನ್ನು ಎಷ್ಟೋ ಕಡೆ ಬಾಗಿಲಲ್ಲೇ ಹಾಕಿರುತ್ತಿದ್ದರು. ಇದ್ದಿಲು ಹೊರುವವರು, ಹಾಲಿನವರು, ಅಂಚೆಯವರು, ಮನೆಗೆಲಸದವರು ಅಂಗಳಕ್ಕೆ ಸುತ್ತಿಬಂದು, ಇಕ್ಕಟ್ಟಾದ ಹಿಂಬದಿ ಮೆಟ್ಟಿಲು ಹತ್ತಿ, ನೇರ ಅಡುಗೆಮನೆಗೆ ಹೋಗಬೇಕು. ಹತ್ತಿದ ಮೇಲೆ ಮಲಗುವುದೆಲ್ಲಿ? ಅಡುಗೆಮನೆಯ ಪಕ್ಕದ ಉಗ್ರಾಣದ ಮೇಲೋ, ಸ್ನಾನದ ಕೋಣೆಯ ಮೇಲೋ ಹಲಗೆ ಹಾಕಿ ಮಾಡಿದ ಅಟ್ಟ. ಏಣಿಯಿಂದ ಹತ್ತಬೇಕು, ಒಳಗೆ ನೆಟ್ಟಗೆ ನಿಲ್ಲಲಾಗದು. ನಮ್ಮ ಹಳೆಯ ಮನೆಗಳಲ್ಲಿ ಅಟ್ಟಕ್ಕೆ ಹಾಕುತ್ತಿದ್ದದ್ದು ಸೌದೆ, ತೆಂಗಿನಕಾಯಿ, ಹಬ್ಬದ ಪಾತ್ರೆ.

ಇಷ್ಟೆಲ್ಲ ಹೇಳಿದ್ದಕ್ಕೆ ಕಾರಣವಿದೆ. ಪ್ರಷ್ಯಾದಲ್ಲಿ ಮನೆಯಾಳುಗಳಿಗೆಂದೇ 1810ರ ಒಂದು ಕಾನೂನು ಇತ್ತು. ಆಳು ತನ್ನ ನಡತೆಯಿಂದ ಒಡೆಯನಿಗೆ ಸಿಟ್ಟು ಬರಿಸಿ, ಒಡೆಯ ಬೈದರೆ ಅಥವಾ ಸಣ್ಣದಾಗಿ ಹೊಡೆದರೆ, ಆಳು ನ್ಯಾಯಾಲಯಕ್ಕೆ ಹೋಗುವಂತಿರಲಿಲ್ಲ. ಹಿಂದಿನ ಒಡೆಯರು ಷರಾ ಬರೆದ ಸೇವಾಪುಸ್ತಕವನ್ನು ಹಿಡಿದುಕೊಂಡೇ ಹೊಸ ಕೆಲಸ ಹುಡುಕಬೇಕಿತ್ತು. 1918ರ ನವೆಂಬರ್ 12ರಂದು, ಕೈಸರ್‌ನನ್ನು ಇಳಿಸಿದ ಕ್ರಾಂತಿಯಾಗಿ ಮೂರೇ ದಿನಕ್ಕೆ, ಹೊಸ ಸರ್ಕಾರ ಆ ಕಾನೂನನ್ನು ಅಳಿಸಿಹಾಕಿತು. ಹೆಂಗಸರಿಗೆ ಮತದಾನದ ಹಕ್ಕು ಸಿಕ್ಕಿದ್ದೂ ಅದೇ ಘೋಷಣೆಯಲ್ಲಿ. ‘ಹಿಂಟರ್‌ಟ್ರೆಪ್ಪೆ’ ಬಂದದ್ದು ಅದಾಗಿ ಮೂರು ವರ್ಷದ ಮೇಲೆ, 1921ರ ಡಿಸೆಂಬರಿನಲ್ಲಿ. ಚಿತ್ರದ ಹೆಣ್ಣುಮಗಳು ಕಾಗದದ ಮೇಲೆ ಪೌರಳು, ಮತದಾರಳು. ಆದರೆ ಇಟ್ಟಿಗೆ-ಗಾರೆಯಲ್ಲಿ ಬರೆದ ಕಾನೂನನ್ನು ಯಾರೂ ಅಳಿಸಿರಲಿಲ್ಲ. ಅವಳು ಇನ್ನೂ ಅದೇ ಹಿಂಬದಿ ಮೆಟ್ಟಿಲು ಹತ್ತುತ್ತಿದ್ದಳು. ಈ ಚಿತ್ರದ ಬಗ್ಗೆ ನಾನು ಹೇಳಬೇಕಾದ ಒಂದೇ ಮಾತು ಉಳಿದರೆ ಇದನ್ನೇ ಹೇಳುತ್ತೇನೆ.

ನಿರ್ದೇಶಕರಲ್ಲಿ ಒಬ್ಬನಾದ ಲೆಯೊಪೋಲ್ಡ್ ಯೆಸ್ನರ್ ರಂಗಭೂಮಿಯಲ್ಲಿ ಮೆಟ್ಟಿಲುಗಳಿಗೇ ಹೆಸರಾದವನು. 1920ರಲ್ಲಿ ಅವನು ಬರ್ಲಿನ್ನಿನಲ್ಲಿ ಆಡಿಸಿದ ‘ಮೂರನೆಯ ರಿಚರ್ಡ್’ನಲ್ಲಿ ರಿಚರ್ಡ್ ಅಧಿಕಾರಕ್ಕೇರಿದ್ದೂ ಬಿದ್ದದ್ದೂ ಕೆಂಪು ಮೆಟ್ಟಿಲುಗಳ ಮೇಲೆ. ಆ ರಿಚರ್ಡ್ ಆದವನು ಫ್ರಿಟ್ಸ್ ಕೋರ್ಟ್‌ನರ್, ನಮ್ಮ ಚಿತ್ರದ ಅಂಚೆಯವನೂ ಅವನೇ. ಅಂಗಳವನ್ನೂ ಮೆಟ್ಟಿಲನ್ನೂ ವಿನ್ಯಾಸ ಮಾಡಿ, ನಿರ್ದೇಶನದಲ್ಲೂ ಜೊತೆಯಾದವನು ಪೌಲ್ ಲೇನಿ.

ಸರ್ವಿಸ್ ಲಿಫ್ಟಿನ ಬಗ್ಗೆ: ಸಾಮಾನು ಸಾಗಿಸಲು ಬೇರೆ ಲಿಫ್ಟ್ ಇಟ್ಟರೆ ತಕರಾರಿಲ್ಲ. ಆದರೆ ಕೆಲಸದವರು ಅದರಲ್ಲೇ ಹೋಗಬೇಕು ಎಂದು ಗೋಡೆಗೆ ಬರೆದು ಅಂಟಿಸಿದ ದಿನ ಅದು ಬರ್ಲಿನ್ನಿನ ಹಿಂಬದಿ ಮೆಟ್ಟಿಲೇ ಆಗುತ್ತದೆ. ನಿಮ್ಮಂಥ ವಿನ್ಯಾಸಕಾರರು ನಕ್ಷೆಯ ಹಂತದಲ್ಲೇ ಈ ಮಾತು ಎತ್ತಬೇಕು ಎಂಬುದು ನನ್ನ ಕಳಕಳಿಯ ಬಿನ್ನಹ.

ಪ್ರಶ್ನೆ: ನಾನು ನಾಲ್ಕು ಮನೆಗಳಲ್ಲಿ ಪಾತ್ರೆ ತೊಳೆದು ನೆಲ ಒರೆಸುತ್ತೇನೆ. ಮಗಳು ಕಂಪ್ಯೂಟರಿನಲ್ಲಿ ಆ ಸಿನಿಮಾ ತೋರಿಸಿದಳು, ಈ ಕಾಗದವನ್ನೂ ಅವಳೇ ಬರೆದುಕೊಡುತ್ತಿದ್ದಾಳೆ. ಮಾತಿಲ್ಲದಿದ್ದರೂ ಎಲ್ಲ ಅರ್ಥವಾಯಿತು. ಒಂದೇ ಅರ್ಥವಾಗಲಿಲ್ಲ. ಕೊಂದವನು ಅವನು, ಸತ್ತವನು ಇವನು. ಅವಳೇನು ತಪ್ಪು ಮಾಡಿದಳು ಅಂತ ಸಾಯಬೇಕು?
– ಓದುಗರು, ಬೆಂಗಳೂರು

ಉತ್ತರ: ಅಮ್ಮಾ, ಅವಳು ಏನೂ ತಪ್ಪು ಮಾಡಿಲ್ಲ. ಚಿತ್ರ ಮಾಡಿದವರೂ ಅವಳ ಮೇಲೆ ತಪ್ಪು ಹೊರಿಸಿಲ್ಲ.

ನಿಮಗೆ ಸಂಜೆ ಮರಳಿಹೋಗಲು ನಿಮ್ಮದೆಂಬ ಒಂದು ಮನೆಯಿದೆ, ಬಾಡಿಗೆಯದಾದರೂ. ಅವಳಿಗೆ ಅದಿರಲಿಲ್ಲ. ಕೆಲಸ ಕೊಟ್ಟವರ ಮನೆಯೇ ಅವಳ ಮನೆ. ಕೆಲಸ ಹೋಯಿತೆಂದರೆ ಸೂರೂ ಹೋಯಿತು, ಊಟವೂ ಹೋಯಿತು, ಅದೂ ಆ ಗಳಿಗೆಯಿಂದಲೇ. ಇನ್ನೊಂದು ಮನೆ ಸೇರಬೇಕಾದರೆ ಹಿಂದಿನವರು ಒಳ್ಳೆಯ ಮಾತು ಹೇಳಬೇಕು. ಕೊಲೆ ನಡೆದ ಅಂಗಳದಿಂದ ಬಂದವಳ ಬಗ್ಗೆ ಯಾರು ಒಳ್ಳೆಯ ಮಾತು ಹೇಳಿಯಾರು? ನೆರೆಯವರೆಲ್ಲ ಮೆಟ್ಟಿಲಲ್ಲಿ ಸೇರಿ ನೋಡುತ್ತಾರಲ್ಲ, ಆ ದೃಶ್ಯ ನೆನಪಿಸಿಕೊಳ್ಳಿ. ಅಷ್ಟು ಜನರಲ್ಲಿ ಬಾ ಅಂತ ಕೈ ಹಿಡಿದವರು ಒಬ್ಬರೂ ಇಲ್ಲ. ಪ್ರೀತಿಸಿದ ಇಬ್ಬರಲ್ಲಿ ಒಬ್ಬ ಹೆಣವಾಗಿದ್ದಾನೆ, ಇನ್ನೊಬ್ಬ ಕೊಲೆಗಾರ. ಆದರೂ ಅವಳು ಮಾಳಿಗೆಗೆ ಹೋದದ್ದು ಅವರಿಬ್ಬರಿಂದಾಗಿ ಅಲ್ಲ ಎಂದೇ ನಾನು ತಿಳಿದಿದ್ದೇನೆ. ಬಾಗಿಲು ಮುಚ್ಚಿದ್ದರಿಂದ ಹೋದಳು. ಕೆಳಕ್ಕೆ ಹೋಗಲು ಅವಳಿಗೆ ದಾರಿಯೇ ಉಳಿದಿರಲಿಲ್ಲ.

ಮೇಯರ್ ಬರೆದ ಈ ಬಗೆಯ ಚಿತ್ರಗಳಲ್ಲಿ ಬಡವರನ್ನು ಅವರ ಒಳಗಿನ ಹಸಿ ಆವೇಗಗಳೇ ಎಳೆದೊಯ್ಯುತ್ತವೆ ಎಂದು ಕ್ರಾಕವರ್ ಎಂಬ ದೊಡ್ಡ ವಿಮರ್ಶಕರು 1947ರ ತಮ್ಮ ಪುಸ್ತಕದಲ್ಲಿ ವಾದಿಸಿದರು. ಅವರ ಬಗ್ಗೆ ನನಗೆ ಬಹಳ ಗೌರವವಿದೆ, ಆದರೆ ಈ ಚಿತ್ರದ ಮಟ್ಟಿಗೆ ನಿಮ್ಮ ಪ್ರಶ್ನೆಯೇ ಹೆಚ್ಚು ನೇರವಾಗಿದೆ. ಅವಳನ್ನು ಸಾವಿಗೆ ತಳ್ಳಿದ್ದು ಆವೇಗವಲ್ಲ. ಮಲಗಲು ಜಾಗವಿಲ್ಲದಿರುವುದು, ಬರಬೇಕಾದ ಕಾಗದ ಕೈಗೆ ಸಿಗದಿರುವುದು, ನೋಟಿಸಿಲ್ಲದೆ ಕೆಲಸದಿಂದ ತೆಗೆಯುವುದು: ಇವೆಲ್ಲ ಮನುಷ್ಯರು ಮಾಡಿದ್ದು, ಮನುಷ್ಯರು ಸರಿಪಡಿಸಬಹುದಾದದ್ದು.

ಮಗಳಿಗೆ ಇಷ್ಟು ಹೇಳಿ. ಮನೆಗೆಲಸಕ್ಕೂ ಕನಿಷ್ಠ ಕೂಲಿ ಇರಬೇಕು ಎಂದು ಕರ್ನಾಟಕ ಸರ್ಕಾರ 2004ರಲ್ಲೇ ಆದೇಶ ಹೊರಡಿಸಿದೆ. ಮನೆಗೆಲಸದವರೂ ಕಾರ್ಮಿಕರೇ, ಅವರಿಗೂ ವಾರದ ರಜೆ, ಒಪ್ಪಂದದ ಪತ್ರ ಬೇಕು ಎಂದು 2011ರಲ್ಲಿ ಅಂತರರಾಷ್ಟ್ರೀಯ ಕಾರ್ಮಿಕ ಸಂಸ್ಥೆ 189ನೆಯ ಒಡಂಬಡಿಕೆ ಮಾಡಿತು. ಭಾರತ ಅದರ ಪರವಾಗಿ ಮತ ಹಾಕಿತು, ಆದರೆ ಅದನ್ನು ಅಂಗೀಕರಿಸಿ ಕಾನೂನಾಗಿಸಲಿಲ್ಲ. ನೀವು ಕಾಗದ ಬರೆಯಿಸಿದ್ದಕ್ಕೆ ನಾನು ಋಣಿ.

ಪ್ರಶ್ನೆ: ಅಂಚೆಯವನನ್ನು ಅಂಗವಿಕಲನನ್ನಾಗಿ ಮಾಡಿ, ಕೊನೆಗೆ ಕೊಲೆಗಾರನನ್ನಾಗಿಯೂ ಮಾಡಿದ್ದು ಸರಿಯೇ? ಊನವಿದ್ದವರೆಂದರೆ ಕುತ್ಸಿತರು ಎಂಬ ಹಳೆಯ ನಂಬಿಕೆ ಅಲ್ಲವೇ ಇದು?
– ಓದುಗರು, ಕಲಬುರಗಿ

ಉತ್ತರ: ನಿಮ್ಮ ಆಕ್ಷೇಪವನ್ನು ಒಪ್ಪುತ್ತೇನೆ. ಕೋರ್ಟ್‌ನರ್ ಆ ಪಾತ್ರಕ್ಕೆ ಎಷ್ಟು ಮಾರ್ದವ ತುಂಬಿದರೂ, ದೇಹದ ಊನವನ್ನು ಮನಸ್ಸಿನ ಊನಕ್ಕೆ ಗುರುತಾಗಿ ಬಳಸುವ ಚಾಳಿ ಆ ಕಾಲದ ಚಿತ್ರಗಳಲ್ಲಿ ಬೇರುಬಿಟ್ಟಿತ್ತು, ಇದೂ ಅದರಿಂದ ಬಿಡಿಸಿಕೊಂಡಿಲ್ಲ. ಇದು ಚಿತ್ರದ ನಿಜವಾದ ದೌರ್ಬಲ್ಯ. ಅವನ ಪರವಾಗಿ ಒಂದು ಮಾತು: ಅವಳು ದುಡಿಯುವ ಮನೆಗಿಂತಲೂ ಕೆಳಗೆ, ನೆಲದ ಮಟ್ಟಕ್ಕಿಂತಲೂ ಕೆಳಗೆ ಬದುಕುವವನು ಅವನು. ಬಡವರು ಬಡವರ ಕಾಗದ ಕದಿಯುವಂತೆ, ಬಡವರು ಬಡವರನ್ನು ಕೊಲ್ಲುವಂತೆ ಕತೆ ಹೆಣೆದಿರುವುದು ನನಗೆ ಕ್ರೂರವಾಗಿಯೂ ಸತ್ಯವಾಗಿಯೂ ಕಾಣುತ್ತದೆ. ಮೇಲಿನ ಮನೆಯವರ ಕೈಗೆ ರಕ್ತದ ಒಂದು ಹನಿಯೂ ಅಂಟುವುದಿಲ್ಲ.

ಪ್ರಶ್ನೆ: ನೀವು ಹೆಸರಿಸಿದ ‘ದಿ ಲಾಸ್ಟ್ ಲಾಫ್’ ನೋಡಿದೆವು. ಅಷ್ಟು ಮನಕಲಕುವ ಚಿತ್ರಕ್ಕೆ ಕೊನೆಯಲ್ಲಿ ಆ ಲಾಟರಿ ಹೊಡೆದಂಥ ಸುಖಾಂತ್ಯ ಏಕೆ? ಮನೆಮಂದಿಗೆಲ್ಲ ಬೇಸರವಾಯಿತು.
– ಅಂಚೆ ಇಲಾಖೆಯ ನಿವೃತ್ತ ನೌಕರರು, ಉಡುಪಿ

ಉತ್ತರ: 1924ರ ಈ ಚಿತ್ರವೂ ಕಾರ್ಲ್ ಮೇಯರ್ ಬರೆದದ್ದೇ, ನಿರ್ದೇಶನ ಮುರ್ನೌ ಅವರದು. ಅಟ್ಲಾಂಟಿಕ್ ಎಂಬ ಭಾರಿ ಹೋಟೆಲಿನ ಬಾಗಿಲಲ್ಲಿ ಚಿನ್ನದ ಗುಂಡಿಯ ಉದ್ದ ಕೋಟು ತೊಟ್ಟು ನಿಂತ ಮುದುಕ. ವಠಾರದ ಜನ ಆ ಕೋಟಿಗೆ ನಮಸ್ಕರಿಸುತ್ತಾರೆ. ಒಂದು ಮಳೆಯ ದಿನ ಭಾರದ ಪೆಟ್ಟಿಗೆ ಹೊತ್ತು ಸುಸ್ತಾಗಿ ಕುಳಿತದ್ದನ್ನು ಮ್ಯಾನೇಜರ್ ನೋಡಿದ. ಮುದುಕ ಮರುದಿನದಿಂದ ಕೆಳಗಿನ ಶೌಚಾಲಯದಲ್ಲಿ ಟವೆಲ್ ಹಿಡಿದು ನಿಲ್ಲಬೇಕಾಯಿತು. ಮನೆಯ ಮದುವೆಗೆ ಮಾನ ಉಳಿಸಿಕೊಳ್ಳಲು ಅವನು ತನ್ನದೇ ಕೋಟನ್ನು ಕದಿಯುತ್ತಾನೆ. ಗುಟ್ಟು ರಟ್ಟಾದಾಗ ನಮಸ್ಕರಿಸಿದ ಅದೇ ಬಾಯಿಗಳು ಗಹಗಹಿಸುತ್ತವೆ. ಛಾಯಾಗ್ರಾಹಕ ಕಾರ್ಲ್ ಫ್ರಾಯ್ಂಡ್ ಕ್ಯಾಮೆರಾವನ್ನು ಎದೆಗೆ ಕಟ್ಟಿಕೊಂಡು ನಡೆದು ಮುದುಕನ ತೂರಾಟವನ್ನು ಹಿಡಿದರು. ಹಾಗಾಗಿ ಅವನ ಅವಮಾನವನ್ನು ನಾವು ಹೊರಗಿನಿಂದ ನೋಡುವುದಿಲ್ಲ. ಅವನ ಕಾಲಿನ ಮೇಲೆ ನಿಂತು ನೋಡುತ್ತೇವೆ.

ಇಡೀ ಚಿತ್ರದಲ್ಲಿ ಕತೆ ನಿಲ್ಲಿಸಿ ಬರುವ ಅಕ್ಷರ ಫಲಕ ಒಂದೇ. ಕತೆ ಇಲ್ಲಿಗೇ ಮುಗಿಯಬೇಕು, ನಿಜ ಜೀವನದಲ್ಲಿ ಈ ಮುದುಕನಿಗೆ ಸಾವಲ್ಲದೆ ಬೇರೆ ಗತಿಯಿಲ್ಲ, ಆದರೆ ಲೇಖಕನಿಗೆ ಕನಿಕರ ಹುಟ್ಟಿ ನಂಬಲಾಗದ ಮುಕ್ತಾಯವೊಂದನ್ನು ಕೊಟ್ಟಿದ್ದಾನೆ ಎಂಬ ಅರ್ಥದ ಮಾತು ಅದರಲ್ಲಿದೆ. ಆಮೇಲೆ, ಶೌಚಾಲಯದಲ್ಲಿ ಅವನ ತೋಳಿನಲ್ಲೇ ಸತ್ತ ಕೋಟ್ಯಧಿಪತಿಯೊಬ್ಬನ ಆಸ್ತಿ ಅವನಿಗೆ ಬರುತ್ತದೆ.

ನಿಮಗೆ ಬೇಸರವಾದದ್ದು ಸರಿಯೇ. ಆದರೆ ಆ ಫಲಕವನ್ನು ಮತ್ತೊಮ್ಮೆ ಓದಿ ನೋಡಿ. ಈ ದೇಶದಲ್ಲಿ ಇಂಥವನು ಮೇಲೆ ಬರಲು ಪವಾಡವೇ ಬೇಕು ಎಂದು ಅದು ಮುಂಚಿತವಾಗಿಯೇ ಒಪ್ಪಿಕೊಳ್ಳುತ್ತದೆ. ಸಿರಿವಂತನಾದ ಮುದುಕ ಏನು ಮಾಡುತ್ತಾನೆ ಎಂಬುದನ್ನೂ ಗಮನಿಸಿ. ತನ್ನ ಕಷ್ಟಕಾಲದಲ್ಲಿ ಜೊತೆಗಿದ್ದ ರಾತ್ರಿ ಕಾವಲುಗಾರನನ್ನು ಪಕ್ಕದಲ್ಲಿ ಕೂರಿಸಿಕೊಂಡು ಉಣಿಸುತ್ತಾನೆ. ಶೌಚಾಲಯದ ಹೊಸ ಆಳಿಗೆ ಕೈತುಂಬ ಕೊಡುತ್ತಾನೆ. ಅಂದರೆ ಅವನು ಮೇಲೆ ಹೋದರೂ ಶೌಚಾಲಯದಲ್ಲಿ ಟವೆಲ್ ಹಿಡಿದು ನಿಲ್ಲುವವನೊಬ್ಬ ಇದ್ದೇ ಇದ್ದಾನೆ; ಮನುಷ್ಯ ಬದಲಾದ, ಜಾಗ ಬದಲಾಗಲಿಲ್ಲ. ಸುಖಾಂತ್ಯದ ಒಳಗೇ ಈ ನೋವನ್ನು ಉಳಿಸಿದ್ದಕ್ಕಾಗಿ ನಾನು ಮೇಯರ್‌ನನ್ನೂ ಮುರ್ನೌ ಅವರನ್ನೂ ಕ್ಷಮಿಸುತ್ತೇನೆ.

ಪ್ರಶ್ನೆ: ಎಲ್ಲವೂ ಜರ್ಮನಿಯದೇ ಆಯಿತು. ಅಮೆರಿಕದವರು ಇಂಥದ್ದು ಮಾಡಲಿಲ್ಲವೇ?
– ಓದುಗರು, ಡೊಂಬಿವಿಲಿ

ಉತ್ತರ: ಮಾಡಿದ್ದಾರೆ. ಎರಡನ್ನು ಹೇಳುತ್ತೇನೆ. 1919ರ ಸೆಸಿಲ್ ಡಿಮಿಲ್ ಅವರ ‘ಮೇಲ್ ಅಂಡ್ ಫೀಮೇಲ್’ ಹೆಚ್ಚು ಪ್ರಸಿದ್ಧ. ಜೆ. ಎಂ. ಬ್ಯಾರಿಯ ನಾಟಕವನ್ನು ಆಧರಿಸಿದ್ದು. ಹಡಗು ಒಡೆದು ಶ್ರೀಮಂತ ಕುಟುಂಬವೂ ಅವರ ಬಟ್ಲರನೂ ಒಂದು ದ್ವೀಪ ಸೇರುತ್ತಾರೆ. ಅಲ್ಲಿ ಕೈಯಲ್ಲಿ ಕಸುಬಿರುವ ಬಟ್ಲರನೇ ಒಡೆಯನಾಗುತ್ತಾನೆ. ಊರಿಗೆ ಮರಳಿದ ಕೂಡಲೇ ಎಲ್ಲ ಮೊದಲಿನಂತೆ. ವಿಚಾರ ಚೆನ್ನಾಗಿದೆ, ಆದರೆ ಡಿಮಿಲ್‌ಗೆ ಗ್ಲೋರಿಯಾ ಸ್ವಾನ್ಸನ್‌ಳ ಸ್ನಾನದ ಕೋಣೆಯ ಮೇಲಿದ್ದ ಆಸಕ್ತಿ ಆಳುಮಕ್ಕಳ ಕೋಣೆಯ ಮೇಲಿಲ್ಲ.

ನನ್ನ ಮಟ್ಟಿಗೆ 1918ರ ‘ಸ್ಟೆಲ್ಲಾ ಮಾರಿಸ್’ ಅದಕ್ಕಿಂತ ಎಷ್ಟೋ ಮೇಲು. ಮಾರ್ಷಲ್ ನೀಲನ್ ನಿರ್ದೇಶನ, ಫ್ರಾನ್ಸಿಸ್ ಮೇರಿಯನ್ ಎಂಬಾಕೆಯ ಚಿತ್ರಕತೆ. ಮೇರಿ ಪಿಕ್‌ಫರ್ಡ್ ಎರಡು ಪಾತ್ರ ಮಾಡಿದ್ದಾಳೆ. ಒಬ್ಬಳು ಸ್ಟೆಲ್ಲಾ: ನಡೆಯಲಾಗದ ಸಿರಿವಂತ ಹುಡುಗಿ. ಲೋಕದ ದುಃಖ ಅವಳ ಕೋಣೆಗೆ ಸುಳಿಯದಂತೆ ಮನೆಯವರು ಕಾದಿದ್ದಾರೆ. ಇನ್ನೊಬ್ಬಳು ಯೂನಿಟಿ: ಅನಾಥಾಲಯದಿಂದ ಕೆಲಸಕ್ಕೆಂದು ತಂದ ಹುಡುಗಿ. ಯಜಮಾನಿ ಅವಳನ್ನು ಸಾಯುವ ಹಾಗೆ ಬಡಿದು ಜೈಲಿಗೆ ಹೋಗುತ್ತಾಳೆ. ಯೂನಿಟಿಗಾಗಿ ಪಿಕ್‌ಫರ್ಡ್ ಕೂದಲನ್ನು ತಲೆಗೆ ಅಂಟುವಂತೆ ಎಳೆದು ಕಟ್ಟಿ, ಒಂದು ಹೆಗಲು ಮೇಲೆತ್ತಿ, ತನ್ನ ಚೆಲುವನ್ನೆಲ್ಲ ಅಳಿಸಿಕೊಂಡಳು. ಒಂದೇ ಚೌಕಟ್ಟಿನಲ್ಲಿ ಇಬ್ಬರೂ ಎದುರುಬದುರಾದಾಗ ನೋಡುವವರಿಗೆ ಅದು ಒಂದೇ ಮುಖ ಎಂದು ಗೊತ್ತಿರುತ್ತದೆ. ಒಂದೇ ಮುಖ ಒಂದು ಕಡೆ ಹುಟ್ಟಿದರೆ ಹೂವಿನ ಹಾಸಿಗೆ, ಇನ್ನೊಂದು ಕಡೆ ಹುಟ್ಟಿದರೆ ಬೆತ್ತ. ಮಾತಿನಲ್ಲಿ ಹೇಳಿದ್ದರೆ ಭಾಷಣವಾಗುತ್ತಿತ್ತು. ಕೊನೆಗೆ ತ್ಯಾಗ ಮಾಡಬೇಕಾದವಳೂ ಯೂನಿಟಿಯೇ ಆಗುವುದು ಮಾತ್ರ ನನಗೆ ಇಂದಿಗೂ ಒಪ್ಪಿಗೆಯಿಲ್ಲ. ತನಗೆ ಮರುಗಿದ ಯಜಮಾನಿಯ ಗಂಡ ಸ್ಟೆಲ್ಲಾಳನ್ನು ಸೇರಲೆಂದು ಅವಳು ಆ ಯಜಮಾನಿಯನ್ನು ಕೊಂದು ತಾನೂ ಸಾಯುತ್ತಾಳೆ. ಬಡ ಹುಡುಗಿಯ ಪ್ರಾಣದ ಮೇಲೆ ಸಿರಿವಂತರ ಮದುವೆ ನಡೆಯುತ್ತದೆ.

ಪ್ರಶ್ನೆ: ನಮ್ಮ ಮೂಕಿ ಚಿತ್ರಗಳಲ್ಲಿ ಇಂಥ ಕತೆಗಳು ಇದ್ದವೇ? ಕನ್ನಡದವರು ಯಾರಾದರೂ?
– ಕಾಲೇಜು ಅಧ್ಯಾಪಕಿ, ಶಿವಮೊಗ್ಗ

ಉತ್ತರ: ಭಾರತದಲ್ಲಿ ಸಾವಿರದ ಮುನ್ನೂರಕ್ಕೂ ಹೆಚ್ಚು ಮೂಕಿ ಚಿತ್ರಗಳು ತಯಾರಾದವು. ಉಳಿದಿರುವುದು ತೀರ ಕೆಲವೇ, ಅವುಗಳಲ್ಲೂ ಎಷ್ಟೋ ತುಣುಕುಗಳು. ಹಾಗಾಗಿ ನನ್ನ ಉತ್ತರದಲ್ಲಿ ನೋಡಿದ ಚಿತ್ರಕ್ಕಿಂತ ಕಳೆದುಹೋದ ಚಿತ್ರಗಳೇ ಹೆಚ್ಚು. ಕೊಲ್ಲಾಪುರದ ಬಾಬುರಾವ್ ಪೇಂಟರ್ 1925ರಲ್ಲಿ ‘ಸಾವಕಾರಿ ಪಾಶ್’ ಮಾಡಿದರು. ಸಾಹುಕಾರನ ಸಾಲಕ್ಕೆ ಹೊಲ ಕಳೆದುಕೊಂಡ ರೈತ ಪಟ್ಟಣಕ್ಕೆ ಬಂದು ಗಿರಣಿ ಕೂಲಿಯಾಗುವ ಕತೆ. ರೈತನಾಗಿ ನಟಿಸಿದವರು ಹರೆಯದ ವಿ. ಶಾಂತಾರಾಂ.

ಕನ್ನಡದ ನಂಟು ಇರುವುದು ಮೋಹನ್ ಭವನಾನಿಯವರ ‘ವಸಂತಸೇನಾ’ಕ್ಕೆ. ಶೂದ್ರಕನ ‘ಮೃಚ್ಛಕಟಿಕ’ ಆಧರಿಸಿದ ಆ ಮೂಕಿ ಚಿತ್ರದಲ್ಲಿ ಏಣಾಕ್ಷಿ ರಾಮರಾವ್ ಜೊತೆಗೆ ಮಂಗಳೂರಿನ ಕಮಲಾದೇವಿ ಚಟ್ಟೋಪಾಧ್ಯಾಯ ಹಾಗೂ ನಮ್ಮ ಟಿ. ಪಿ. ಕೈಲಾಸಂ ನಟಿಸಿದರು. ನಾಟಕ ಓದಿದವರಿಗೆ ಮದನಿಕೆ ನೆನಪಿರಬೇಕು, ವಸಂತಸೇನೆಯ ದಾಸಿ. ಅವಳನ್ನು ಬಿಡಿಸಿಕೊಳ್ಳಲು ಹಣ ಬೇಕೆಂದೇ ಶರ್ವಿಲಕ ಚಾರುದತ್ತನ ಮನೆಗೆ ಕನ್ನ ಹಾಕುತ್ತಾನೆ. ದಾಸ್ಯಕ್ಕೆ ಬೆಲೆ ಕಟ್ಟಿದ ಲೋಕದಲ್ಲಿ ಪ್ರೀತಿಗೆ ಕಳ್ಳತನವೇ ದಾರಿ. ವಸಂತಸೇನೆ ಎಲ್ಲವನ್ನೂ ತಿಳಿದೂ ಮದನಿಕೆಗೆ ತಾನಾಗಿ ಬಿಡುಗಡೆ ಕೊಡುತ್ತಾಳೆ. ಬರ್ಲಿನ್ನಿನ ಆ ಒಡತಿಗೆ ಬಾರದ ಔದಾರ್ಯ ಅದು.

ಆದರೆ ನಿಮ್ಮ ಪ್ರಶ್ನೆಗೆ ನಿಜವಾದ ಉತ್ತರ ತೆರೆಯ ಮೇಲಿಲ್ಲ, ತೆರೆಯ ಮುಂದಿದೆ. 1930ರ ಹೊತ್ತಿಗೆ ತಿರುವನಂತಪುರದಲ್ಲಿ ಜೆ. ಸಿ. ಡೇನಿಯಲ್ ‘ವಿಗತಕುಮಾರನ್’ ಎಂಬ ಮಲಯಾಳದ ಮೊದಲ ಚಿತ್ರ ಮಾಡಿದರು. ನಾಯಕಿ ಒಬ್ಬ ನಾಯರ್ ಹೆಂಗಸು. ಆ ಪಾತ್ರ ಮಾಡಿದವರು ಪಿ. ಕೆ. ರೋಸಿ, ದಲಿತ ಕುಟುಂಬದ ಕೂಲಿ ಹೆಣ್ಣುಮಗಳು. ತಮ್ಮ ಜಾತಿಯ ಹೆಂಗಸನ್ನು ಇಂಥವಳು ಆಡುವುದೇ ಎಂದು ಮೇಲ್ಜಾತಿಯ ಪ್ರೇಕ್ಷಕರು ಕೆರಳಿ ತೆರೆಯ ಮೇಲೆ ಕಲ್ಲು ತೂರಿದರು. ರೋಸಿ ಊರು ಬಿಟ್ಟು ಓಡಬೇಕಾಯಿತು, ಮತ್ತೆಂದೂ ನಟಿಸಲಿಲ್ಲ. ಚಿತ್ರವೂ ಉಳಿದಿಲ್ಲ.

ಹೆನ್ನಿ ಪೋರ್ಟೆನ್ ರಾಣಿಯ ಪಾತ್ರದಿಂದ ಮನೆಗೆಲಸದವಳ ಪಾತ್ರಕ್ಕೆ ಇಳಿದಾಗ ಅದನ್ನು ಕಲೆ ಎಂದರು. ಪಿಕ್‌ಫರ್ಡ್ ಹೆಗಲು ತಿರುಚಿಕೊಂಡಾಗ ಸಾಹಸ ಎಂದರು. ಕೂಲಿಯ ಹೆಣ್ಣುಮಗಳೊಬ್ಬಳು ಮೇಲಿನ ಪಾತ್ರಕ್ಕೆ ಏರಿದಾಗ ಕಲ್ಲು ಬಿತ್ತು. ಮೂಕಿ ಚಿತ್ರಗಳಲ್ಲಿ ಆಳುಮಕ್ಕಳ ಪಾತ್ರವನ್ನು ಎಷ್ಟು ಕರುಣೆಯಿಂದ ಚಿತ್ರಿಸಿದ್ದರು ಎಂದು ಹೊಗಳುವಾಗೆಲ್ಲ, ಆ ಪಾತ್ರಗಳನ್ನು ಆಡುವ ಹಕ್ಕು ಯಾರಿಗಿತ್ತು ಎಂಬುದನ್ನೂ ನಾವು ಕೇಳಲೇಬೇಕು. ನಿಮ್ಮ ವಿದ್ಯಾರ್ಥಿಗಳಿಗೆ ಎರಡೂ ಸಂಗತಿಗಳನ್ನು ಒಟ್ಟಿಗೆ ಕಲಿಸಿ.

ಪ್ರಶ್ನೆ: ನಮ್ಮ ಊರಿನ ಚಿತ್ರಸಮಾಜದಲ್ಲಿ ‘ಹಿಂಟರ್‌ಟ್ರೆಪ್ಪೆ’ ತೋರಿಸಬೇಕೆಂದಿದ್ದೇವೆ. ಕನ್ನಡ ಉಪಶೀರ್ಷಿಕೆ ಬೇಕೇ? ಸಂಗೀತ ಯಾವುದು? ಜನ ಓಡಾಡುವುದು ತಮಾಷೆಯಾಗಿ ಕಂಡು ನಗು ಬಂದರೆ?
– ಸಂಘಟಕರು, ಸಾಗರ ತಾಲ್ಲೂಕು

ಉತ್ತರ: ಉಪಶೀರ್ಷಿಕೆಯ ಗೊಡವೆ ಬೇಡ. ಮೊದಲೇ ಎರಡು ಮಾತು ಹೇಳಿ ಶುರುಮಾಡಿದರೆ ಸಾಕು.

ನಗುವಿನ ಪ್ರಶ್ನೆ ಮುಖ್ಯವಾದದ್ದು. ಆಗ ಕ್ಯಾಮೆರಾವನ್ನು ಕೈಯಿಂದ ತಿರುಗಿಸುತ್ತಿದ್ದರು. ಸೆಕೆಂಡಿಗೆ ಹದಿನಾರರಿಂದ ಇಪ್ಪತ್ತರ ಆಸುಪಾಸು ಚಿತ್ರಗಳು. ಅದನ್ನೇ ಈಗಿನ 24ರ ವೇಗದಲ್ಲಿ ಓಡಿಸಿದರೆ ಎಲ್ಲರೂ ಕುಣಿದಾಡುವಂತೆ ಕಾಣುತ್ತಾರೆ. ಬೇರೆ ಚಿತ್ರವಾದರೆ ಸಹಿಸಬಹುದು. ಇಲ್ಲಿ ಅವಳು ದುಡಿಯುವ ನಿಧಾನಗತಿಯೇ ಚಿತ್ರದ ಜೀವ. ಅದು ಅವಸರವಾದರೆ ಅವಳ ದಣಿವು ಹಾಸ್ಯವಾಗಿಬಿಡುತ್ತದೆ. ಸಿಗುವ ಪ್ರತಿಗಳಲ್ಲಿ ನಡಿಗೆ ಸಹಜವಾಗಿರುವುದನ್ನು ಆರಿಸಿ, ಇಲ್ಲದಿದ್ದರೆ ಕಂಪ್ಯೂಟರಿನಲ್ಲಿ ವೇಗ ಇಳಿಸಿ. ಸಂಗೀತಕ್ಕೆ ಸ್ಥಳೀಯರೊಬ್ಬರು ಪಿಟೀಲನ್ನೋ ಹಾರ್ಮೋನಿಯಮ್ಮನ್ನೋ ಹಿಡಿದು ಮೆಲ್ಲಗೆ ನುಡಿಸಲಿ. ಕೊಲೆಯ ಹೊತ್ತಿಗೆ ಆರ್ಭಟ ಬೇಡ. ಅವಳು ಮಾಳಿಗೆ ಹತ್ತುವಾಗ ಪೂರ್ತಿ ನಿಲ್ಲಿಸಿಬಿಡಿ.

ಪ್ರದರ್ಶನವನ್ನು ಸಂಜೆ ಆರಕ್ಕೆ ಇಡಬೇಡಿ. ಆ ಹೊತ್ತಿನಲ್ಲಿ ಮನೆಗೆಲಸದವರೆಲ್ಲ ಯಾರದೋ ಅಡುಗೆಮನೆಯಲ್ಲಿರುತ್ತಾರೆ. ಮಧ್ಯಾಹ್ನ ಎರಡೂವರೆಗೆ ಶುರುಮಾಡಿ, ನಾಲ್ಕರೊಳಗೆ ಚರ್ಚೆಯೂ ಸೇರಿ ಮುಗಿಸಿ. ಅವರನ್ನು ಹೆಸರು ಹಿಡಿದು ಕರೆಯಿರಿ, ಮುಂದಿನ ಸಾಲಿನಲ್ಲಿ ಕುರ್ಚಿ ಇಡಿ, ಚರ್ಚೆಯಲ್ಲಿ ಮೊದಲ ಮಾತು ಅವರದಾಗಲಿ.